ಹಲಸಿನ ಹಣ್ಣಿನ ವಾರ

ಪ್ರೀತಿಯ ದೊರೆಗೆ,

ಬ್ರಸೆಲ್ಸ್‌ನಿಂದ ನೀನು ಕಳಿಸಿದ ಪೊಟ್ಟಣ ಬಂತು. ಬಿಸ್ಕತ್ತನ್ನು ನನಗಿಂತ ಮೊದಲು ನಮ್ಮ ಮನೆಯ ಇರುವೆಗಳು ತಪಾಸಣೆ ಮಾಡಿವೆ, ಅವುಗಳಿಂದ ಯಾವ ಆಕ್ಷೇಪಣೆಯೂ ಬಂದಿಲ್ಲ. ಪುಸ್ತಕವೂ ಸಿಕ್ಕಿತು. ಮೊದಲ ಪುಟದಲ್ಲಿ ನೀನು ಬರೆದದ್ದನ್ನು ನನ್ನ ಹೆಂಡತಿ ಊರಿಗೆಲ್ಲ ಓದಿ ಹೇಳುತ್ತಿದ್ದಾಳೆ: 'ಎರಡು ದೋಣಿಯಲ್ಲಿ ಕಾಲಿಟ್ಟವರನ್ನು ಕಂಡಿದ್ದೇನೆ. ಮೂರರಲ್ಲಿ ಇಟ್ಟವನು ನೀನೊಬ್ಬನೇ. ಮೂರನೆಯ ಕಾಲು ಎಲ್ಲಿಂದ ತಂದೆ?' ಕರಿ ಕೋಟು ಒಂದು, ವಾರದ ಅಂಕಣ ಇನ್ನೊಂದು, ಪುರಸಭೆಯ ಟಿಕೆಟ್ಟಿನ ಆಸೆ ಮತ್ತೊಂದು. ಈ ಮೂರನೆಯದನ್ನು ನಿನಗೆ ಹೇಳಿದವರು ಯಾರೆಂದು ನನಗೆ ಗೊತ್ತು. ಅವನಿಗೆ ಇನ್ನು ಮುಂದೆ ನಮ್ಮ ಮನೆಯಲ್ಲಿ ಕಾಫಿ ಇಲ್ಲ.

ಈ ಪತ್ರವನ್ನು ಎಲ್ಲರಿಗೂ ಕಾಣುವಂತೆ ಹಾಕುತ್ತಿದ್ದೇನೆ. ನಿನ್ನ ಅತ್ತೆಯವರೂ ಓದುತ್ತಾರೆ (ನಮಸ್ಕಾರ ಅಮ್ಮಾ). ಆದ್ದರಿಂದ ರಾಯರ ಛತ್ರಿಯ ವಿಷಯ ಇಲ್ಲಿ ಎತ್ತುವುದಿಲ್ಲ.

ನನಗೆ ಫ್ರೆಂಚ್ ಬಾರದೆಂದು ಗೊತ್ತಿದ್ದೂ ಫ್ರೆಂಚ್ ಪುಸ್ತಕ ಕಳಿಸುವುದು ನಿನ್ನಂಥವರಿಗೆ ಮಾತ್ರ ಸಾಧ್ಯ. ಮೊಬೈಲನ್ನು ಪುಟದ ಮೇಲೆ ಹಿಡಿದು, ಅದು ತೋರಿಸಿದ ಅನುವಾದವನ್ನು ಹದಿನೈದು ರಾತ್ರಿ ಓದಿದೆ. ಒಂದು ಕಡೆ ಅದು 'ಹೆಂಗಸರು ಬ್ರೆಡ್ಡಿನ ಬಾಲದಲ್ಲಿ ನಿಂತಿದ್ದರು' ಎಂದಿತು. ಬಾಲಕ್ಕೂ ಸರದಿಯ ಸಾಲಿಗೂ ಆ ಭಾಷೆಯಲ್ಲಿ ಒಂದೇ ಪದವಂತೆ, ಆಮೇಲೆ ತಿಳಿಯಿತು. ಈಗ ನಮ್ಮ ನ್ಯಾಯಬೆಲೆ ಅಂಗಡಿಯ ಮುಂದೆ ಹಾದು ಹೋಗುವಾಗ ನನಗೂ ಬಾಲವೇ ಕಾಣುತ್ತದೆ.

ನೀನು ಕೇಳಿದ್ದು ಆ ಪುಸ್ತಕದ ಪಾಲ್ ಸ್ಟ್ರೂಯ್ ಬಗ್ಗೆ ನನ್ನ ಅಭಿಪ್ರಾಯ. ಇಲ್ಲಿನ ಓದುಗರಿಗಾಗಿ ಎರಡು ಮಾತು: ಗೆಂಟ್ ಊರಿನಲ್ಲಿ 1896ರಲ್ಲಿ ಹುಟ್ಟಿದ ಬೆಲ್ಜಿಯನ್. ಅಲ್ಲಿನ ಸರ್ವೋಚ್ಚ ನ್ಯಾಯಾಲಯದಲ್ಲಿ ವಕೀಲ, ಪತ್ರಿಕೆಗೆ ಬರೆಯುವವನು, ಮುಂದೆ ಮಂತ್ರಿ, ಸೆನೆಟ್ಟಿನ (ಅಲ್ಲಿನ ಮೇಲ್ಮನೆಯ) ಅಧ್ಯಕ್ಷ. ಅವನ ಮೂರು ದೋಣಿಗಳೂ ನನ್ನವಕ್ಕಿಂತ ದೊಡ್ಡವು, ಸರಿಯೇ?

1940ರ ಮೇ 10ರಂದು ಜರ್ಮನರು ನುಗ್ಗಿದರು. ಹದಿನೆಂಟು ದಿನಕ್ಕೆ ಬೆಲ್ಜಿಯಂ ಸೈನ್ಯ ಶರಣಾಯಿತು. ಮಂತ್ರಿಮಂಡಲ ದೇಶ ಬಿಟ್ಟು ಕೊನೆಗೆ ಲಂಡನ್ ಸೇರಿತು. ರಾಜ ಮೂರನೆಯ ಲಿಯೊಪೋಲ್ಡ್ ಸೈನಿಕರೊಂದಿಗೆ ತಾನೂ ಸೆರೆಯಾಳು ಎಂದು ಲಾಕನ್ ಅರಮನೆಯಲ್ಲಿ ಉಳಿದ. ಬ್ರಸೆಲ್ಸ್ ಬಿಡುಗಡೆಯಾದದ್ದು 1944ರ ಸೆಪ್ಟೆಂಬರ್ 3ಕ್ಕೆ. ನಡುವಿನ ನಾಲ್ಕು ವರ್ಷಗಳಲ್ಲಿ ಊರು ಖಾಲಿಯಾಗಲಿಲ್ಲ ನೋಡು. ಟ್ರಾಮ್ ಓಡಿತು, ಕೋರ್ಟು ನಡೆಯಿತು, ಕಕ್ಷಿದಾರರು ಬೇಲಿಯ ಜಗಳ ಹೊತ್ತು ಬಂದರು. ಯುದ್ಧವೆಂದರೆ ಬಾಂಬು, ಹೊಗೆ ಎಂದುಕೊಂಡಿದ್ದವನಿಗೆ ಅದು ಬಹುಮಟ್ಟಿಗೆ ಮುದ್ದತು ಕೇಳುವ, ಕಲ್ಲಿದ್ದಲು ಹುಡುಕುವ, ದಿನಕ್ಕೆ 225 ಗ್ರಾಂ ಬ್ರೆಡ್ಡಿಗೆ ಬಾಲ ಕಟ್ಟುವ ಕೆಲಸ ಎಂದು ತಿಳಿಯುವುದು ಸ್ವಲ್ಪ ನಿರಾಶೆಯ ಸಂಗತಿಯೇ. ಕರಾವಳಿಯಲ್ಲಿ ಆ ಚಳಿಗಾಲಗಳಲ್ಲಿ ಹೆರಿಂಗ್ ಮೀನು ರಾಶಿರಾಶಿಯಾಗಿ ಸಿಕ್ಕಿ ಎಷ್ಟೋ ಮನೆಗಳ ಹೊಟ್ಟೆ ತುಂಬಿತಂತೆ. ನಮ್ಮ ಕಡೆಯ ಬೂತಾಯಿಯ ವರ್ಷಗಳು ನೆನಪಾದವು.

ಸ್ಟ್ರೂಯ್ ಮಾಡಿದ್ದೇನು? ಕಿವಿ ತೆರೆದಿಟ್ಟುಕೊಂಡ. ಸಾಲಿನಲ್ಲಿ, ಟ್ರಾಮಿನಲ್ಲಿ, ಕೋರ್ಟಿನ ಮೊಗಸಾಲೆಯಲ್ಲಿ ಜನ ಏನಾಡುತ್ತಾರೋ ಅದನ್ನು ಕೂಡಿಸಿ, ಕೆಲವು ತಿಂಗಳಿಗೊಮ್ಮೆ 'ಈಗ ದೇಶದ ಮನಸ್ಸು ಹೀಗಿದೆ' ಎಂದು ವರದಿ ಬರೆದ. ಅವು ಗುಟ್ಟಾಗಿ ಕೈಯಿಂದ ಕೈಗೆ ಹೋದವು. ಜೊತೆಗೆ ದಿನಚರಿಯನ್ನೂ ಇಟ್ಟ. ಸಿಕ್ಕಿಬಿದ್ದರೆ ಏನಾಗುತ್ತಿತ್ತೆಂದು ನಾನು ಹೇಳಬೇಕಿಲ್ಲ.

ನನ್ನನ್ನು ತಡೆದು ನಿಲ್ಲಿಸಿದ್ದು ಅವನ ಧೈರ್ಯವಲ್ಲ ದೊರೆ. ಧೈರ್ಯವಂತರ ಕಥೆ ಓದಿ ಮೆಚ್ಚಿಕೊಳ್ಳುವುದು ಸುಲಭ, ನಮ್ಮ ಕೈಯಿಂದ ಕಾಸೂ ಬಿಚ್ಚುವುದಿಲ್ಲ. ಅವನು ತನಗೆ ಹಿಡಿಸದ್ದನ್ನೂ ಬರೆದ, ಅದು ಕಾಡಿತು. 1940ರ ಬೇಸಿಗೆಯಲ್ಲಿ ಜನ ವೀರರೇನೂ ಆಗಿರಲಿಲ್ಲ. ಯುದ್ಧ ಮುಗಿಯಿತು, ಇಂಗ್ಲೆಂಡ್ ಇನ್ನೆಷ್ಟು ದಿನ, ಓಡಿಹೋದ ಮಂತ್ರಿಗಳಿಗೆ ಧಿಕ್ಕಾರ, ಜರ್ಮನ್ ಸೈನಿಕರು ಎಣಿಸಿದಷ್ಟು ಕೆಟ್ಟವರಲ್ಲ, ಟ್ರಾಮಿನಲ್ಲಿ ಎದ್ದು ಜಾಗ ಕೊಡುತ್ತಾರೆ ಎಂಬ ಮಾತುಗಳು. ಇಂಗ್ಲೆಂಡ್ ಸೋಲಲಿಲ್ಲ, ಬ್ರೆಡ್ಡು ಕಡಿಮೆಯಾಯಿತು, ಚಳಿ ಬಂತು, ಮನಸ್ಸು ತಿರುಗಿತು. ಸಿದ್ಧಾಂತಕ್ಕಿಂತ ಮೊದಲು ಹೊಟ್ಟೆ. 1941ರ ಡಿಸೆಂಬರ್ 7ರಂದು ಚರ್ಚುಗಳಲ್ಲಿ ರಾಜನ ಮರುಮದುವೆಯ ಸುದ್ದಿ ಓದಿದಾಗ ಆದ ಮುನಿಸನ್ನು ನೋಡು. ಗಂಡಂದಿರು ಜರ್ಮನಿಯ ಸೆರೆಶಿಬಿರದಲ್ಲಿ, ತಾನೂ ಸೆರೆಯಾಳು ಎಂದ ಅರಸನಿಗೆ ಅರಮನೆಯಲ್ಲಿ ಮದುವೆ! ನಮ್ಮ ಅಜ್ಜಿಯರ ಜಗುಲಿಯಲ್ಲಾದರೂ ಇದಕ್ಕೆ ಕ್ಷಮೆ ಸಿಗುತ್ತಿರಲಿಲ್ಲ.

ಆಮೇಲೆ ಎಲ್ಲರೂ 'ನಾವು ಮೊದಲ ದಿನದಿಂದಲೇ ವಿರೋಧಿಸಿದೆವು' ಎನ್ನುತ್ತಾರೆ. ಸ್ಟ್ರೂಯ್ ಬಳಿ ತಾರೀಖು ಸಮೇತ ಕಾಗದವಿತ್ತು.

ಪತ್ರಿಕೆಗಳ ಕಥೆ ನಿನಗೆ ನನಗಿಂತ ಚೆನ್ನಾಗಿ ಗೊತ್ತು, ಆದರೂ ಹೇಳದೆ ಇರಲಾರೆ. 'ಲ ಸ್ವಾರ್' ಪತ್ರಿಕೆಯನ್ನು ಜರ್ಮನರ ಕೆಳಗೆ ನಡೆಸಿದರು; ಜನ ಅದನ್ನು 'ಕದ್ದ ಸ್ವಾರ್' ಎಂದರು, ಎನ್ನುತ್ತಲೇ ಕೊಂಡು ಓದಿದರು. ಟಿನ್‌ಟಿನ್ ಚಿತ್ರಕಥೆ ಬರುತ್ತಿದ್ದದ್ದೂ ಅದರಲ್ಲೇ. ಅತ್ತ 'ಲಾ ಲಿಬ್ರ್ ಬೆಲ್ಜಿಕ್' ಭೂಗತವಾಗಿ ಅಚ್ಚಾಯಿತು, ಸ್ಟ್ರೂಯ್ ಲೇಖನಿ ಅದರ ಜೊತೆಗಿತ್ತು. ಅದರ ಒಂದು ಆವೃತ್ತಿಯಲ್ಲಿ ನಿರ್ದೇಶಕರ ಹೆಸರು ಮಕ್ಕಳ ಕಥೆಯ ಪೀಟರ್ ಪ್ಯಾನ್, ವಿಳಾಸ ಬ್ರಸೆಲ್ಸ್‌ನ ಎಗ್ಮಾಂಟ್ ಉದ್ಯಾನ. ಅಂದರೆ ನಾವಿಬ್ಬರೂ ಚಕ್ಕುಲಿ ತಿಂದ ಅದೇ ಉದ್ಯಾನದ ಕಂಚಿನ ಪ್ರತಿಮೆ! ಜರ್ಮನರ ಗುಪ್ತ ಪೊಲೀಸ್ ಗೆಸ್ಟಾಪೊ ಹೋಗಿ ಪ್ರತಿಮೆಯ ಹೇಳಿಕೆ ದಾಖಲಿಸಿಕೊಂಡಿತೋ ಇಲ್ಲವೋ. ಮತ್ತೆ 1943ರ ನವೆಂಬರ್ 9ರಂದು ಪ್ರತಿರೋಧ ಪಡೆಯವರು ಥೇಟು ಅದೇ ಮುಖಪುಟದ ನಕಲಿ 'ಸ್ವಾರ್' ಅಚ್ಚು ಹಾಕಿದರು, ಐವತ್ತು ಸಾವಿರ ಪ್ರತಿ. ಅಂಗಡಿಯವರೇ ಮಾರಿದರು. ಓದುತ್ತಾ ಹೋದವರು ಮೂರನೆಯ ಸಾಲಿಗೆ ನಕ್ಕಿರಬೇಕು. ಒಂದು ಮಧ್ಯಾಹ್ನ ಊರು ನಕ್ಕದ್ದಕ್ಕೆ ಬಂಧನಗಳಾದವು, ಅದರ ಹಿಂದಿದ್ದ ಕೆಲವರು ಶಿಬಿರಗಳಿಂದ ಮರಳಲಿಲ್ಲ.

ನಾನು ಅಂಕಣದಲ್ಲಿ ಹಾಸ್ಯ ಬರೆಯುತ್ತೇನೆ ಎಂದು ಹೇಳಿಕೊಳ್ಳುವವನು. ಇದನ್ನು ಓದಿದ ರಾತ್ರಿ ನಿದ್ದೆ ತಡವಾಯಿತು.

ಆದರೆ ನಿಜವಾಗಿ ನಿದ್ದೆ ಕೆಡಿಸಿದ್ದು ಇನ್ನೊಂದು ತಾರೀಖು, 1940ರ ಅಕ್ಟೋಬರ್ 28. ಆ ದಿನ ಜರ್ಮನ್ ಸೇನಾ ಆಡಳಿತ ಸುಗ್ರೀವಾಜ್ಞೆ ಹೊರಡಿಸಿತು: ಯಹೂದಿಗಳು ಇನ್ನು ಸರ್ಕಾರಿ ಹುದ್ದೆಯಲ್ಲಿ ಇರುವಂತಿಲ್ಲ, ವಕೀಲಿ ಮಾಡುವಂತಿಲ್ಲ, ಪಾಠ ಹೇಳುವಂತಿಲ್ಲ, ಪತ್ರಿಕೆ ನಡೆಸುವಂತಿಲ್ಲ. ನೀನು ನಗುವ ನನ್ನ ಮೂರೂ ದೋಣಿಗಳನ್ನು ಒಂದೇ ಕಾಗದದಲ್ಲಿ ಮುಳುಗಿಸಬಹುದು! ನ್ಯಾಯಾಲಯದ ಹಿರಿಯರು, ಇದು ನಮ್ಮ ಸಂವಿಧಾನಕ್ಕೆ ವಿರುದ್ಧ ಎಂದು ಸೇನಾಧಿಪತಿ ಫಾಲ್ಕೆನ್‌ಹೌಸೆನ್‌ಗೆ ಪತ್ರ ಬರೆದರು. ಪತ್ರದಿಂದ ಆಜ್ಞೆ ನಿಲ್ಲಲಿಲ್ಲ. ಬ್ರಸೆಲ್ಸ್ ವಕೀಲರ ಸಂಘದ ಮುಖ್ಯಸ್ಥ ಲೂಯಿ ಬ್ರಾಫೋರ್ ಕೊನೆಯವರೆಗೂ ಮಣಿಯಲಿಲ್ಲ. 1944ರ ಆಗಸ್ಟಿನಲ್ಲಿ, ಬಿಡುಗಡೆಗೆ ಕೆಲವೇ ದಿನ ಇರುವಾಗ, ಜರ್ಮನರ ಪರವಿದ್ದ ರೆಕ್ಸ್ ಪಕ್ಷದ ಬೆಲ್ಜಿಯನ್ನರೇ ಆತನನ್ನು ಹೊತ್ತೊಯ್ದು ಕೊಂದರು.

ವಕೀಲರ ಸಂಘ. ಆ ಎರಡು ಪದಗಳ ಮೇಲೆ ಮೊಬೈಲು ಹಿಡಿದು ಸುಮ್ಮನೆ ಕೂತೆ.

ನಿನಗೆ ಹೇಳಿರಲಿಲ್ಲ. ನಾಲ್ಕು ವರ್ಷದ ಹಿಂದೆ ಇಲ್ಲೊಂದು ಪ್ರಕರಣ ಆಯಿತು. ಊರು ಹೊತ್ತಿ ಉರಿಯುವಂಥದ್ದು, ವಿವರ ಬೇಡ. ಆರೋಪಿ ಇಪ್ಪತ್ತೆರಡರ ಹುಡುಗ. ಅವನ ಪರ ಯಾರೂ ವಕಾಲತ್ತು ಹಾಕಬಾರದೆಂದು ಸಂಘದಲ್ಲಿ ಠರಾವು ಮಂಡಿಸಿದರು. ಅದರ ಹಿಂದಿನ ಸಂಜೆ ಹುಡುಗನ ತಂದೆ ನನ್ನ ಕಚೇರಿಗೆ ಬಂದಿದ್ದರು. ಗುಮಾಸ್ತ ನೀರು ಕೊಟ್ಟ. ನಾನು, 'ಎರಡು ದಿನ ಬಿಟ್ಟು ಬನ್ನಿ, ನೋಡೋಣ' ಎಂದೆ. ಎರಡು ದಿನದಲ್ಲಿ ಠರಾವು ಆಗಿರುತ್ತದೆಂದು ನನಗೆ ಗೊತ್ತಿತ್ತು. ಅದಕ್ಕೇ ಎರಡು ದಿನ.

ಸಭೆಯಲ್ಲಿ ಕೈ ಎತ್ತಲು ಹೇಳಿದಾಗ ನಾನು ಪರವಾಗಿಯೂ ಎತ್ತಲಿಲ್ಲ, ವಿರುದ್ಧವಾಗಿಯೂ ಎತ್ತಲಿಲ್ಲ. ಕ್ಯಾಂಟೀನಿಗೆ ಹೋಗಿದ್ದೆ. ಅರ್ಧ ಚಹಾ ಹೇಳಿದೆ, ನಿಧಾನವಾಗಿ ಕುಡಿದೆ. ಚಪ್ಪಾಳೆ ಕೇಳಿದ ಮೇಲೆ ಲೋಟ ಇಟ್ಟೆ. ದೊರೆ, ನಮ್ಮ ಕ್ಯಾಂಟೀನಿನ ಬಾಗಿಲಲ್ಲಿ ಬಂದೂಕು ಹಿಡಿದವರು ಯಾರೂ ಇರಲಿಲ್ಲ. ಊರಿನಲ್ಲಿ ಯಾವ ಸೈನ್ಯವೂ ಇರಲಿಲ್ಲ. ನನಗಿದ್ದದ್ದು ನಾಲ್ಕು ಜನ ಮುಖ ತಿರುಗಿಸಿಯಾರು ಎಂಬ ಹೆದರಿಕೆ, ಅಷ್ಟೇ. ಕೊನೆಗೆ ಕಾನೂನು ನೆರವಿನ ಕಡೆಯಿಂದ ಬೇರೆ ಊರಿನ ಹೆಣ್ಣುಮಗಳೊಬ್ಬಳು ಬಂದು ಆ ಕೇಸು ನಡೆಸಿದಳು. ಮೊದಲ ದಿನ ಅವಳಿಗೆ ಕೂರಲು ಕುರ್ಚಿ ಬಿಡಲಿಲ್ಲ. ನಾನು ಬಿಟ್ಟೆನೇ? ನಾನು ಆ ದಿನ ಬೇರೆ ಕೋರ್ಟಿನಲ್ಲಿದ್ದೆ. ಬೇರೆ ಕೋರ್ಟಿನಲ್ಲಿ ನನಗೆ ಕೇಸು ಇರಲಿಲ್ಲ.

ಆ ವಾರದ ನನ್ನ ಅಂಕಣ ನಿನಗೆ ನೆನಪಿರಬೇಕು. ಹಲಸಿನ ಹಣ್ಣಿನ ಬಗ್ಗೆ. ತೊಳೆ, ಮೇಣ, ಅಜ್ಜಿ, ಎಣ್ಣೆ ಹಚ್ಚಿದ ಕತ್ತಿ, ಎಲ್ಲ ಇತ್ತು. ನನ್ನ ಅಂಕಣಗಳಲ್ಲೇ ಅತಿ ಹೆಚ್ಚು ಓದುಗರ ಪತ್ರ ಬಂದದ್ದು ಅದಕ್ಕೆ. ಬ್ರಸೆಲ್ಸ್‌ನಿಂದ ನೀನೂ ಫೋನ್ ಮಾಡಿ ಗಂಟಲು ಕಟ್ಟಿ ಮಾತಾಡಿದ್ದೆ.

ಪತ್ರಕರ್ತನಾಗಿ ಊರಿನ ಮನಸ್ಸನ್ನು ಬರೆಯುವ ಅವಕಾಶ ಆ ವಾರ ನನ್ನ ಮುಂದೆ ಬಂದು ನಿಂತಿತ್ತು. ಚಹಾದಂಗಡಿಯಲ್ಲಿ ಏನು ಮಾತು, ಬಸ್ಸಿನಲ್ಲಿ ಏನು ಮಾತು, ಕರಿ ಕೋಟಿನವರು ತಮ್ಮತಮ್ಮಲ್ಲೇ ಏನು ಗುಸುಗುಸು. ನನಗೆಲ್ಲವೂ ಕೇಳಿಸಿತ್ತು. ಕೇಳಿಸಿಕೊಳ್ಳುವುದರಲ್ಲಿ ನಾನು ಸ್ಟ್ರೂಯ್‌ಗೇನೂ ಕಡಿಮೆಯಿಲ್ಲ.

ಅವನ ಕಥೆಯ ತುದಿ ಹೇಳಿ ಬಿಡುತ್ತೇನೆ. ಯುದ್ಧ ಮುಗಿದ ಮೇಲೆ ಬೆಲ್ಜಿಯಂ ದ್ರೋಹಿಗಳ ಲೆಕ್ಕ ತೆಗೆಯಿತು; 242 ಜನರಿಗೆ ಮರಣದಂಡನೆ ಜಾರಿಯಾಯಿತು. 1947ರಲ್ಲಿ ಸ್ಟ್ರೂಯ್ ನ್ಯಾಯ ಮಂತ್ರಿಯಾದ, ಕ್ಷಮಾದಾನದ ಕಡತಗಳು ಅವನ ಮೇಜಿಗೆ ಬಂದವು. ಮರಣದಂಡನೆಯನ್ನು ತಗ್ಗಿಸಿದ ವಿಚಾರ ದೊಡ್ಡ ಗದ್ದಲವಾಗಿ 1948ರ ನವೆಂಬರಿನಲ್ಲಿ ರಾಜೀನಾಮೆ ಕೊಟ್ಟ. ಭೂಗತ ಪತ್ರಿಕೆಗೆ ಬರೆದವನೇ ಈಗ ಮೆದು ಮನುಷ್ಯ ಎನ್ನಿಸಿಕೊಂಡ! 1940ರ ಬೇಸಿಗೆಯಲ್ಲಿ ಯಾರು ಏನಾಡಿದ್ದರೆಂದು ಅಷ್ಟು ಹತ್ತಿರದಿಂದ ಕೇಳಿದವನಿಗೆ, 1948ರ ಜನರ ಸಿಟ್ಟನ್ನು ಪೂರ್ತಿ ನಂಬಲು ಆಗಲಿಲ್ಲವೇನೋ. ಇದು ನನ್ನ ಊಹೆ. ನನ್ನ ಬಗ್ಗೆ ಸ್ವಲ್ಪ ಮೆದುವಾಗಿ ತೀರ್ಪು ಕೊಡುವವರು ಬೇಕೆಂಬ ಆಸೆಯಿಂದ ಹುಟ್ಟಿದ ಊಹೆಯೂ ಇರಬಹುದು. ಅವನೇನೋ ಮತ್ತೆ ಬಂದು ವರ್ಷಗಟ್ಟಲೆ ಸೆನೆಟ್ಟಿನ ಅಧ್ಯಕ್ಷನಾಗಿ ಕೂತ. ನನಗೆ ಪುರಸಭೆಯ ಒಂಬತ್ತನೇ ವಾರ್ಡೂ ಸಿಗುವ ಲಕ್ಷಣವಿಲ್ಲ.

ಸಾಕು. ಇಷ್ಟು ಬರೆಯಬೇಕೆಂದಿರಲಿಲ್ಲ, ಬಿಸ್ಕತ್ತಿಗೆ ಧನ್ಯವಾದ ಹೇಳಲು ಕೂತವನು ನಾನು. ನಿನ್ನ ಊರಿನ ನ್ಯಾಯದೇಗುಲ ಹೇಗಿದೆ? ಜರ್ಮನರು ಹೋಗುವಾಗ ಬೆಂಕಿ ಇಟ್ಟು ಅದರ ಗುಮ್ಮಟ ಉರುಳಿಸಿದರು, ಇವರು ಮೊದಲಿಗಿಂತ ಎತ್ತರದ ಗುಮ್ಮಟ ಕಟ್ಟಿದರು. ಆಮೇಲೆ 1980ರ ದಶಕದಲ್ಲಿ ದುರಸ್ತಿಗೆಂದು ಸಾರುವೆ ನಿಲ್ಲಿಸಿ, ಆ ಸಾರುವೆಗೇ ದುರಸ್ತಿ ಬೇಕಾಯಿತು. ಕೊರೋನಾಕ್ಕೆ ಮೊದಲು ನಾನು ಬಂದಾಗ ನೀನು ಅದರ ಮುಂದೆ ನಿಲ್ಲಿಸಿ ತೆಗೆದ ಫೋಟೋದಲ್ಲಿ ನನಗೆ ಕೊಂಬು ಬಂದಂತೆ ಎರಡು ಕಂಬಗಳಿವೆ. ಅದನ್ನೇ ಪ್ರಚಾರದ ಫಲಕಕ್ಕೆ ಹಾಕಿಸು ಎನ್ನುತ್ತಾಳೆ ನಿನ್ನ ಅತ್ತಿಗೆ. ಕೆಳಗಿನ ಮರೋಲ್ ಕೇರಿಯ ಜನ ತಮ್ಮ ಮನೆ ಕೆಡವಿದ ಸಿಟ್ಟಿಗೆ 'ವಾಸ್ತುಶಿಲ್ಪಿ' ಎಂಬುದನ್ನೇ ಬೈಗುಳ ಮಾಡಿಕೊಂಡರೆಂದು ನೀನು ಹೇಳಿದ್ದೆಯಲ್ಲ, 'ವಕೀಲ' ಎಂಬುದಕ್ಕೆ ನಮ್ಮಲ್ಲಿ ಆ ಶ್ರಮವೂ ಬೇಕಿಲ್ಲ.

ಕ್ಯಾಂಟೀನಿನ ಭಾಗವನ್ನು ಎರಡು ಸಲ ಅಳಿಸಿ, ಎರಡು ಸಲ ಮತ್ತೆ ಸೇರಿಸಿದ್ದೇನೆ. ಹೆಂಡತಿ ಇನ್ನೂ ಓದಿಲ್ಲ, ಅವಳು ಓದುವ ಮೊದಲು ಹಾಕಿಬಿಡುತ್ತೇನೆ. ಸಂಘದವರು ಓದಿದರೆ ಚಹಾದ ಬಾಕಿ ನೆನಪಿಸಿಯಾರು.

ಛತ್ರಿ ಜೋಪಾನ. ಮುಂದಿನ ಅಂಕಣ ಶುಕ್ರವಾರದೊಳಗೆ ಕೊಡಬೇಕು, ಇನ್ನೂ ಒಂದಕ್ಷರ ಬರೆದಿಲ್ಲ. ಸಂಪಾದಕರು ಹಪ್ಪಳದ ಬಗ್ಗೆ ಕೇಳಿದ್ದಾರೆ.

ನಿನ್ನ,
ಮೂರು ದೋಣಿಯವನು