ಗುಂಪಿಗೆ ಸೂಚನೆ: ನೀರೊಳಗ ಕ್ಯಾಮೆರಾ ಇಳಿಸೋರಿಗೆ

ಎಲ್ಲರಿಗೂ ನಮಸ್ಕಾರ ರೀ. ಭೀಮಾ, ಕಾಗಿಣಾ ನದಿಯೊಳಗ ಮೀನಿನ ವಿಡಿಯೋ ತೆಗಿಯೋರು ನಮ್ಮ ಗ್ರೂಪ್‌ನ್ಯಾಗ ಜಾಸ್ತಿ ಆಗ್ಯಾರ, ಭಾಳ ಖುಷಿ, ಆದ್ರ ಒಂದು ಮಾತು ಹೇಳಲೇಬೇಕು.

ಮಳಿಗಾಲದಾಗ ಜೊಂಡಿನ ಹತ್ರ ನೀರಿನ ಮ್ಯಾಲ ಕೆಂಪಗ ಸಣ್ಣ ಮರಿಗಳ ಗುಂಪು ಕುದಿಯೋ ಹಂಗ ಆಡ್ತಿದ್ರ ಅದು ಕೊರಮೀನಿನ ಮರಿ, ಕೆಳಗ ತಂದಿ-ತಾಯಿ ಕಾವಲು ಇರ್ತಾವ, ನೀವು ಶಾಟ್ ಸಲುವಾಗಿ ಕೋಲು ಹಾಕಿ ಕ್ಯಾಮೆರಾ ಮುಂದಕ್ಕ ತಳ್ಳಿದ್ರ ದೊಡ್ಡವು ಸರಿತಾವ, ಅಷ್ಟರಾಗ ಬ್ಯಾರೆ ಮೀನು ಬಂದು ಮರಿ ತಿಂದು ಬಿಡ್ತಾವ. ದಯವಿಟ್ಟು ಅಲ್ಲಿ ಇಳಿಸಬ್ಯಾಡ್ರಿ.

ಬ್ಯಾರೆ ಕಡೆ ಕ್ಯಾಮೆರಾ ಕಲ್ಲಿಗೆ ಕಟ್ಟಿ ದಂಡಿ ಮ್ಯಾಲ ಸುಮ್ನ ಕೂಡ್ರಿ, ರಾಡಿ ಇಳಿದ ಮ್ಯಾಲ ಮೀನು ತಾನಾಗೇ ಬರ್ತಾವ. ಮಂಡಕ್ಕಿ, ಹಿಟ್ಟು ಹಾಕಿ ಕರಿಯೋದು ಬ್ಯಾಡ, ಲೈಟ್ ಕಣ್ಣಿಗೆ ಬಿಡೋದು ಬ್ಯಾಡ. ಮೀನು ಒಣ ಕೈಲೆ ಹಿಡಿದ್ರ ಅದರ ಮೈ ಮ್ಯಾಲಿನ ಲೋಳಿ ಹೋಗ್ತದ, ಆಮ್ಯಾಲ ರೋಗ ಹತ್ತತಾವ. ಅಕ್ವೇರಿಯಂ ಶಾಟ್ ಇದ್ರ ಅಕ್ವೇರಿಯಂ ಅಂತನೇ ಬರೀರಿ, ನದಿ ಅಂತ ತೋರಿಸೋದು ನನಗಂತೂ ಸುಳ್ಳು ಹೇಳಿದಂಗ.

ಆಮಿ ಕಂಡ್ರ ಲೊಕೇಶನ್ ಹಾಕಬ್ಯಾಡ್ರಿ, ಹಿಡಿಯೋರು ಅದನ್ನೇ ನೋಡ್ತಾರ. ನಮ್ಮ ಮೆತ್ತನ ಚಿಪ್ಪಿನ ಆಮಿಗಳಿಗೆ 1972ರ ವನ್ಯಜೀವಿ ಕಾಯ್ದೆ ರಕ್ಷಣೆ ಅದ, ಎತ್ತಿ ಹಿಡಿದು ಫೋಟೋನೂ ಬ್ಯಾಡ. ಚಂದ್ರಂಪಳ್ಳಿ ಡ್ಯಾಂ ಚಿಂಚೋಳಿ ಅಭಯಾರಣ್ಯದಾಗ ಬರ್ತದ, ಅರಣ್ಯ ಇಲಾಖೆ ಪರ್ಮಿಷನ್ ಬೇಕೇ ಬೇಕು. ಯಾದಗಿರಿ ಕಡೆ ಕೃಷ್ಣಾದಾಗ ಮೊಸಳಿ ಅದಾವ, ಅಲ್ಲಿ ಯಾರೂ ನೀರಿಗಿಳಿಬ್ಯಾಡ್ರಿ.

ಭಾನುವಾರ ಭೀಮಾ ದಂಡಿ ಮ್ಯಾಲಿನ ಸನ್ನತಿಗೆ ಬರೋರು ಇಲ್ಲೇ ಹೆಸರು ಹಾಕ್ರಿ.