ಹೊಸದು ಬಂದರೆ ಹಳೆಯದು ತಾನಾಗಿ ಹೋಗುವುದಿಲ್ಲ

ಪ್ರೀತಿಯ ಪುಟ್ಟೀ, ಆಶೀರ್ವಾದಗಳು.

ಸೋಲಾರ್ ಬಂತು, ಇನ್ನು ಕಲ್ಲಿದ್ದಲಿನ ಕಥೆ ಮುಗಿಯಿತು ಅಂತ ಬರೆದಿದ್ದೀಯ. ನಿನ್ನ ಹುರುಪು ಇಷ್ಟವಾಯಿತು. ಆದರೆ ಅಷ್ಟು ಅವಸರ ಬೇಡ.

ಒಂದು ಲೆಕ್ಕ ನೋಡು. ಗಟ್ಟಿಮುಟ್ಟಾದ ಆಳು ದಿನಕ್ಕೆ ಎಂಟು ಗಂಟೆ ದುಡಿದರೂ ಅವನ ಮೈಯಿಂದ ಸಿಗುವುದು ಸುಮಾರು 75 ವ್ಯಾಟ್, ಅಂದರೆ ದಿನಕ್ಕೆ ಸುಮಾರು 0.6 ಯೂನಿಟ್. ಒಂದು ಲೀಟರ್ ಪೆಟ್ರೋಲಿನಲ್ಲಿ ಸುಮಾರು 9 ಯೂನಿಟ್ ಶಕ್ತಿ ಇರುತ್ತದೆ. ಎಂಜಿನ್ ಅದರ ಮುಕ್ಕಾಲು ಪಾಲನ್ನು ಸುಮ್ನೆ ಬಿಸಿಯಾಗಿ ಕಳೆದರೂ, ಉಳಿದದ್ದು ಆ ಆಳಿನ ಮೂರ್ನಾಲ್ಕು ದಿನದ ದುಡಿಮೆಗೆ ಸಮ. ಇಂಥ ರುಚಿ ಹತ್ತಿದ ಮೇಲೆ ಬಿಡುವುದು ಸುಲಭವಾ?

1712ರಲ್ಲಿ ಇಂಗ್ಲೆಂಡಿನ ನ್ಯೂಕಮೆನ್ ಗಣಿಯ ನೀರೆತ್ತಲು ಉಗಿ ಯಂತ್ರ ಕಟ್ಟಿದ. ಉರಿಸಿದ ಕಲ್ಲಿದ್ದಲಿನಲ್ಲಿ ನೂರಕ್ಕೆ ಒಂದು ಪಾಲೂ ಕೆಲಸಕ್ಕೆ ಬರುತ್ತಿರಲಿಲ್ಲ. ಗಣಿಯ ಬಾಯಲ್ಲೇ ಇದ್ದಿದ್ದರಿಂದ ಹೇಗೋ ನಡೆಯಿತು. 1769ರಲ್ಲಿ ಜೇಮ್ಸ್ ವ್ಯಾಟ್ ಪೇಟೆಂಟ್ ಪಡೆದ ಸುಧಾರಣೆಯಿಂದ ಅದೇ ಕೆಲಸಕ್ಕೆ ತೀರಾ ಕಡಿಮೆ ಕಲ್ಲಿದ್ದಲು ಸಾಕಾಯಿತು. ಹಾಗಾದರೆ ಕಲ್ಲಿದ್ದಲಿನ ಬಳಕೆ ಇಳಿಯಬೇಕಿತ್ತು, ಅಲ್ವಾ? ಆಗಿದ್ದು ಉಲ್ಟಾ. ಯಂತ್ರ ಗಣಿ ಬಿಟ್ಟು ಗಿರಣಿಗೆ ಬಂತು, ಆಮೇಲೆ ರೈಲು ಹತ್ತಿತು, ಹಡಗು ಹತ್ತಿತು. ಮಿತವಾಗಿ ಉರಿಸುವ ಯಂತ್ರವೇ ಬಳಕೆ ಜಾಸ್ತಿ ಮಾಡುತ್ತದೆ ಅಂತ ಅರ್ಥಶಾಸ್ತ್ರಜ್ಞ ಜೆವನ್ಸ್ 1865ರಲ್ಲೇ ಎಚ್ಚರಿಸಿದ್ದ.

ತೈಲ ಬಂತು, ಅಣುಶಕ್ತಿ ಬಂತು. ಕಲ್ಲಿದ್ದಲು ಹೋಗಲಿಲ್ಲ. 2023ರಲ್ಲಿ ಜಗತ್ತು 800 ಕೋಟಿ ಟನ್‌ಗಿಂತ ಹೆಚ್ಚು ಉರಿಸಿತು. ಸೌದೆಯೂ ಹೋಗಿಲ್ಲ.

ಹೋಗಿಸಬಹುದು, ಅದು ಬೇರೆ ಮಾತು. ಲಂಡನ್ನಿನಲ್ಲಿ ಕಲ್ಲಿದ್ದಲಿನಿಂದ ಜನರಿಗೆ ಕರೆಂಟ್ ಕೊಡಲು ಶುರುವಾಗಿದ್ದು 1882ರಲ್ಲಿ. ಬ್ರಿಟನ್ನಿನ ಕೊನೆಯ ಕಲ್ಲಿದ್ದಲು ವಿದ್ಯುತ್ ಸ್ಥಾವರ ಮುಚ್ಚಿದ್ದು 2024ರ ಸೆಪ್ಟೆಂಬರಿನಲ್ಲಿ. ಗ್ಯಾಸ್, ಗಾಳಿಯಂತ್ರ ಎಲ್ಲ ನೆರವಾದವು ನಿಜ. ಆದರೆ ಹೊಗೆಯ ಮೇಲೆ ಸರ್ಕಾರ ತೆರಿಗೆ ಹಾಕಿ, ಮುಚ್ಚಲು ಗಡುವು ಕೊಟ್ಟಿತು. ಹಾಗಾಗಿ, ಎಷ್ಟು ಹೊಸ ಸೋಲಾರ್ ಬಂತು ಅನ್ನುವ ಸುದ್ದಿ ಓದಿದಾಗೆಲ್ಲ, ಹಳೆಯದು ಎಷ್ಟು ಇಳಿಯಿತು ಅಂತಲೂ ಹುಡುಕು. ಪೇಪರಿನವರು ಅದನ್ನು ಬರೆಯುವುದು ಕಡಿಮೆ.

ಓದಿಗೆ ಯಾವ ವಿಷಯ ಹಿಡಿಯಲಿ ಅಂತ ಕೇಳಿದ್ದೀಯಲ್ಲ. ಪ್ಯಾನೆಲ್ ಮಾಡುವವರು ಬೇಕಾದಷ್ಟು ಜನ ಇದ್ದಾರೆ. ನೀನು ಉಕ್ಕಿನ ಕಡೆ ನೋಡು. ಅಲ್ಲಿ ಕಲ್ಲಿದ್ದಲು ಬರೀ ಬಿಸಿಗಲ್ಲ, ಅದಿರಿನಿಂದ ಆಮ್ಲಜನಕ ಕಿತ್ತು ತೆಗೆಯಲೂ ಬೇಕು. ಆ ಕೆಲಸ ಹೈಡ್ರೋಜನ್ ಕೈಲೂ ಆಗುತ್ತದೆ, ಆಗ ಹೊರಬರುವುದು ನೀರಾವಿ. ಅಡ್ಡಿ ಇರುವುದು ಅಷ್ಟು ಹೈಡ್ರೋಜನ್ ತಯಾರಿಸಲು ಬೇಕಾದ ಕರೆಂಟಿನದು. ನಿನ್ನ ಮೇಷ್ಟ್ರನ್ನು ಈ ಲೆಕ್ಕ ಕೇಳಿ ನನಗೂ ಬರೆ.

ಇಂತಿ,
ನಿನ್ನ ದೊಡ್ಡಪ್ಪ