ಲಸಿಕೆಯ ಬಗ್ಗೆ ಬರೆಯುತ್ತಿರುವ ಮಾನಸಳಿಗೆ

ಶ್ರೀನಿವಾಸಪುರ

ಚಿ. ಮಾನಸಳಿಗೆ ದೊಡ್ಡಮ್ಮನ ಆಶೀರ್ವಾದಗಳು. ನಾವೆಲ್ಲ ಕ್ಷೇಮ. ಮಾವಿನ ಕೊಯ್ಲು ಮುಗಿಯುತ್ತಾ ಬಂತು.

ಲಸಿಕೆಯ ಸುಳ್ಳುಸುದ್ದಿಗಳ ಬಗ್ಗೆ ನೀನು ಬರೆದ ಲೇಖನ ಓದಿದೆ. ಭಾಷೆ ಚೆನ್ನಾಗಿದೆ, ಕಳಕಳಿಯೂ ಇದೆ. ಆದರೆ ಆಧಾರ ಅಂತ ಕೊಟ್ಟಿರುವುದರಲ್ಲಿ ಹೆಚ್ಚಿನವು ಪತ್ರಿಕೆಯ ತಲೆಬರಹಗಳು, ಇಲ್ಲವೇ ಸುಳ್ಳು ಹಬ್ಬಿಸಿದವರದೇ ವಿಡಿಯೊಗಳು. ಇದು ನನಗೆ ಸರಿಬರಲಿಲ್ಲ. ಒಬ್ಬರು ಹೀಗೆ ಹೇಳಿದರು ಅನ್ನೋದಕ್ಕೆ ಅವರ ವಿಡಿಯೊ ಸಾಕು. ಹೇಳಿದ್ದು ನಿಜವೋ ಸುಳ್ಳೋ ಅನ್ನೋದಕ್ಕೆ ಅದು ಸಾಲದು, ಅವರನ್ನು ಬೈದು ಮಾಡಿದ ಇನ್ನೊಂದು ವಿಡಿಯೊವೂ ಸಾಲದು. ಎರಡಕ್ಕೂ ಬೇರೆ ಬೇರೆ ಆಧಾರ ಬೇಕು.

ಬ್ರಿಟನ್ನಿನಲ್ಲಿ ವೈದ್ಯನಾಗಿದ್ದ ವೇಕ್‌ಫೀಲ್ಡ್ ವಿಷಯವನ್ನೇ ತಗೋ. ದಡಾರ, ಮಂಗನಬಾವು, ರುಬೆಲ್ಲಾ ಲಸಿಕೆಗೂ ಆಟಿಸಂಗೂ ನಂಟಿದೆ ಅಂತ ಸೂಚಿಸಿದ ಆತನ ಪ್ರಬಂಧ 1998ರಲ್ಲಿ ಲ್ಯಾನ್ಸೆಟ್ ಅನ್ನೋ ಹೆಸರಾಂತ ವೈದ್ಯಕೀಯ ಪತ್ರಿಕೆಯಲ್ಲಿ ಬಂತು. ಪರೀಕ್ಷಿಸಿದ್ದು 12 ಮಕ್ಕಳನ್ನು, ಹೋಲಿಸಿ ನೋಡಲು ಬೇರೆ ಗುಂಪೇ ಇರಲಿಲ್ಲ. ಲಸಿಕೆ ಕಂಪನಿಗಳ ಮೇಲೆ ದಾವೆ ಹೂಡಲು ಹೊರಟಿದ್ದ ವಕೀಲರಿಂದ ಆತನಿಗೆ ಹಣ ಸಂದಿದ್ದನ್ನು ಪತ್ರಕರ್ತ ಬ್ರಯಾನ್ ಡೀರ್ ಬಯಲಿಗೆಳೆದರು. 2010ರಲ್ಲಿ ಲ್ಯಾನ್ಸೆಟ್ ಪ್ರಬಂಧವನ್ನು ಹಿಂತೆಗೆದುಕೊಂಡಿತು. ಅದೇ ವರ್ಷ ಬ್ರಿಟನ್ನಿನ ವೈದ್ಯರ ಪಟ್ಟಿಯಿಂದ ಆತನ ಹೆಸರೂ ಹೋಯಿತು. ಅಷ್ಟರಲ್ಲಿ 12 ವರ್ಷ ಕಳೆದಿತ್ತು, ಎಷ್ಟೋ ಮನೆಗಳಲ್ಲಿ ಭಯ ಬೇರೂರಿತ್ತು. ಹಾಗಾಗಿ ದೊಡ್ಡ ಪತ್ರಿಕೆಯ ಹೆಸರು ಕಂಡ ಮಾತ್ರಕ್ಕೆ ನೆಚ್ಚಿಕೊಳ್ಳಬೇಡ. ವೈದ್ಯಕೀಯ ಪ್ರಬಂಧಗಳನ್ನು ಹುಡುಕುವ ಪಬ್‌ಮೆಡ್ ಜಾಲತಾಣದಲ್ಲಿ ತೆರೆದು ನೋಡು, ಹಿಂತೆಗೆದಿದ್ದರೆ ಅಲ್ಲಿ ಬರೆದಿರುತ್ತಾರೆ. 2019ರಲ್ಲಿ ಬಂದ ಡೆನ್ಮಾರ್ಕ್ ಅಧ್ಯಯನ 6,57,461 ಮಕ್ಕಳನ್ನು ನೋಡಿತು, ಆ ಲಸಿಕೆಯಿಂದ ಆಟಿಸಂ ಹೆಚ್ಚಿದ್ದು ಕಾಣಲಿಲ್ಲ. ಅದೊಂದನ್ನೇ ಹಿಡಿದು ಕೂರಬೇಡ. ಹಲವು ಅಧ್ಯಯನಗಳನ್ನು ಒಟ್ಟಿಗೆ ತೂಗಿ ನೋಡುವ ಕಾಕ್ರೇನ್ ವಿಮರ್ಶೆಗಳಿವೆ, ಮೊದಲು ಅಲ್ಲಿಂದ ಶುರು ಮಾಡು.

ಇನ್ನೊಂದು. "ಲಸಿಕೆಯಿಂದ ಏನೂ ಆಗುವುದಿಲ್ಲ" ಅಂತ ಬರೆದಿದ್ದೀಯಲ್ಲ, ಆ ಸಾಲು ತೆಗೆದುಹಾಕು ಕಂದಾ. ಐದು ರೋಗಗಳಿಗೆ ಒಟ್ಟಿಗೆ ಕೊಡುವ ಪೆಂಟಾ ಲಸಿಕೆ ಹಾಕಿಸಿದ ರಾತ್ರಿ ಮಗುವಿಗೆ ಜ್ವರ ಬರಬಹುದು, ಎಡತೊಡೆ ಊದಿ ಗಟ್ಟಿಯಾಗಬಹುದು, ರಚ್ಚೆ ಹಿಡಿದು ಅಳಬಹುದು. ಸಿಸ್ಟರ್ ಕೆಲಸದಲ್ಲಿದ್ದಷ್ಟು ವರ್ಷವೂ ಇದನ್ನು ತಾಯಿ ಕಾರ್ಡ್ ವಾಪಸು ಕೊಡುವಾಗಲೇ ಹೇಳಿ ಕಳಿಸುತ್ತಿದ್ದೆ. ಮೊದಲೇ ತಿಳಿದ ತಾಯಿ ಮುಂದಿನ ಡೋಸಿಗೆ ಬರುತ್ತಾಳೆ. ಏನೂ ಆಗಲ್ಲ ಅಂತ ಕೇಳಿಸಿಕೊಂಡು ಹೋದವಳು ನಡುರಾತ್ರಿ ಹೆದರಿ, ಆಮೇಲೆ ವಾಟ್ಸಾಪ್ ಮಾತನ್ನೇ ನಂಬುತ್ತಾಳೆ. ಅಡ್ಡಪರಿಣಾಮ ಮುಚ್ಚಿಡುವ ಬರಹವೂ ನಂಬಿಕೆಗೆ ಯೋಗ್ಯವಲ್ಲ.

ಹಾಗಂತ ಲಸಿಕೆ ಆದಮೇಲೆ ಆದದ್ದೆಲ್ಲ ಲಸಿಕೆಯಿಂದಲೇ ಆದದ್ದಲ್ಲ. ಲಸಿಕೆ ಆದಮೇಲೆ ಕಂಡ ತೊಂದರೆಗಳನ್ನು ದಾಖಲಿಸುವ ಅಮೆರಿಕದ ವೇರ್ಸ್ ಪಟ್ಟಿಗೆ ಯಾರು ಬೇಕಾದರೂ ದೂರು ಬರೆಯಬಹುದು. ಆ ಲೆಕ್ಕವನ್ನೇ ಸಾವಿನ ಲೆಕ್ಕ ಅಂತ ಹಂಚುತ್ತಾರೆ. ಆ ಪಟ್ಟಿ ಇರುವುದು ಅನುಮಾನವನ್ನು ಬೇಗ ಹಿಡಿಯಲಿಕ್ಕೆ. ರೋಟಾವೈರಸ್ ಭೇದಿಗೆ ಕೊಡುತ್ತಿದ್ದ ರೋಟಾಶೀಲ್ಡ್ ಲಸಿಕೆ ಪಡೆದ ಕೆಲವು ಹಸುಗೂಸುಗಳಲ್ಲಿ ಕರುಳಿನ ಒಂದು ಭಾಗ ಇನ್ನೊಂದರೊಳಗೆ ಸಿಕ್ಕಿಕೊಂಡದ್ದು ಅಲ್ಲೇ ಮೊದಲು ಕಂಡಿತು. ಮುಂದೆ ಅಧ್ಯಯನ ನಡೆಯಿತು, 1999ರಲ್ಲೇ ಅದನ್ನು ವಾಪಸು ತಗೊಂಡರು. ನಮ್ಮಲ್ಲೂ ಇಂಥ ಪ್ರಕರಣಗಳ ಕಾರಣ ಪತ್ತೆಗೆ ಜಿಲ್ಲೆಯಿಂದ ದೇಶದವರೆಗೆ ಎ.ಇ.ಎಫ್.ಐ. (ಲಸಿಕೆ ನಂತರದ ತೊಂದರೆಗಳ) ಸಮಿತಿಗಳಿವೆ. ಆ ವಿಚಾರಣೆ ಏನು ಹೇಳಿತು ಅಂತ ಹುಡುಕಿ ಬರೆ.

ಇಷ್ಟೆಲ್ಲ ಯಾಕೆ ಹೇಳುತ್ತಿದ್ದೀನಿ ಅಂದರೆ, 2017ರ ದಡಾರ-ರುಬೆಲ್ಲಾ ಅಭಿಯಾನದಲ್ಲಿ ಶಾಲೆಯ ಗೇಟಿನ ಹತ್ತಿರ ಒಬ್ಬಾಕೆ ಮೊಬೈಲ್‌ಗೆ ಬಂದಿದ್ದ ಲಸಿಕೆಯ ಸುಳ್ಳುಸುದ್ದಿಯನ್ನು ನನ್ನ ಮುಖದ ಮುಂದೆ ಹಿಡಿದು, "ನಿಜಮೇನಾ ಅಕ್ಕಾ?" ಅಂತ ಕೇಳಿದಳು. ಇನ್ನೊಂದು ಕೈಯಲ್ಲಿ ಮಗನ ಬ್ಯಾಗು, ಮನೆಗೆ ಕರಕೊಂಡು ಹೋಗಲೆಂದೇ ಬಂದಿದ್ದಳು. ಅವಳು ಲ್ಯಾನ್ಸೆಟ್ ಓದುವವಳಲ್ಲ, ನಿನ್ನ ಲೇಖನ ಓದಬಹುದು. ಆ ಸುಳ್ಳನ್ನೇ ದಪ್ಪ ಅಕ್ಷರದಲ್ಲಿ ಮೇಲೆ ಹಾಕಿದರೆ ಅವಳ ತಲೆಯಲ್ಲಿ ಉಳಿಯುವುದು ಅದೇ. ನಿಜವನ್ನು ಮೊದಲು ಬರೆ.

ತಿದ್ದಿದ ಪ್ರತಿ ತಗೊಂಡು ವರಮಹಾಲಕ್ಷ್ಮಿ ಹಬ್ಬಕ್ಕೆ ಬಾ. ಅಚ್ಚಿಗೆ ಕೊಡುವ ಮೊದಲು ನಮ್ಮ ಆರೋಗ್ಯ ಕೇಂದ್ರದ ಡಾಕ್ಟರಿಗೆ ತೋರಿಸೋಣ, ನಾನೇ ಕರಕೊಂಡು ಹೋಗುತ್ತೀನಿ.

ಇಂತಿ,
ನಿನ್ನ ದೊಡ್ಡಮ್ಮ